ಐವತ್ತು–ಅರವತ್ತು: ಒಂದು ಮನೆ

ಹತ್ತು–ಇಪ್ಪತ್ತರ ವರ್ಗಾಂತರದಲ್ಲಿ ಇಪ್ಪತ್ತಕ್ಕೆ ಜಾಗವಿಲ್ಲ.

ಇದು ನಿಮಗೆ ಗೊತ್ತಿರಬೇಕಿತ್ತು. ಹತ್ತನೇ ತರಗತಿಯ ಗಣಿತದಲ್ಲೇ ಬರುತ್ತದೆ. ಹತ್ತು ಒಳಗೆ, ಹತ್ತೊಂಬತ್ತು ಒಳಗೆ, ಇಪ್ಪತ್ತು ಹೊರಗೆ. ಬಾಗಿಲ ಮೇಲೆ ಇಪ್ಪತ್ತರ ಹೆಸರೇ ಬರೆದಿರುತ್ತದೆ. ಆದರೂ ಇಪ್ಪತ್ತು ಬಂದು ಕದ ತಟ್ಟಿದರೆ ‘ನಿನ್ನದು ಮುಂದಿನ ಮನೆ’ ಎಂದು ಕಳಿಸುತ್ತಾರೆ. ಈ ಅನ್ಯಾಯ ನನಗೆ ತಿಳಿದದ್ದು ಐವತ್ತೊಂದನೆಯ ವಯಸ್ಸಿನಲ್ಲಿ, ನಮ್ಮ ಮನೆಯ ಪಡಸಾಲೆಯಲ್ಲಿ, ಹುಣಸೆ ಬೀಜ ಎಣಿಸುತ್ತಾ ಕೂತಾಗ. ಅದಕ್ಕಿಂತ ದೊಡ್ಡ ಇನ್ನೊಂದು ಸಂಗತಿ ತಿಳಿದದ್ದು ಅದರ ಮುಂದಿನ ಭಾನುವಾರ. ಅದನ್ನು ಹೇಳಿಕೊಳ್ಳಲು ಮನಸ್ಸಿಲ್ಲ. ಆದರೆ ನಾನು ಹೇಳದಿದ್ದರೆ ನಮ್ಮ ಓಣಿಯ ಜಂಬಮ್ಮ ಹೇಳುತ್ತಾಳೆ, ಉಪ್ಪುಖಾರ ಹಚ್ಚಿ. ಅದಕ್ಕೆ ನಾನೇ ಹೇಳಿಬಿಡುತ್ತೇನೆ.

ನನ್ನ ಹೆಸರು ಪಾಲಾಕ್ಷಪ್ಪ. ಹರಪನಹಳ್ಳಿ ಬಸ್ ನಿಲ್ದಾಣದ ಹತ್ತಿರ ಜೆರಾಕ್ಸ್ ಅಂಗಡಿ ಇಟ್ಟಿದ್ದೇನೆ. ಅದು ಹೊಟ್ಟೆಗೆ. ಆತ್ಮಸಾಕ್ಷಿಗೆ ಕೊಟ್ಟೂರಿನಿಂದ ಹೊರಡುವ ಒಂದು ವಾರಪತ್ರಿಕೆಯಲ್ಲಿ ‘ಕೆಂಡ’ ಎಂಬ ಅಂಕಣ ಬರೆಯುತ್ತೇನೆ. ಎಸ್ಸೆಸ್ಸೆಲ್ಸಿಯಲ್ಲಿ ಗಣಿತದಲ್ಲಿ ಹದಿನೆಂಟು ಅಂಕ ತೆಗೆದು ಶಾಲೆ ಬಿಟ್ಟವನು. ಅಲ್ಲಿಂದ ಮುಂದೆ ಕಲಿತದ್ದೆಲ್ಲ ಮಿರ್ಚಿ ಕಟ್ಟಿಕೊಟ್ಟ ಹಳೇ ಪೇಪರುಗಳಿಂದ. (ಎಣ್ಣೆ ಹತ್ತಿದ ಕಡೆ ಓದಲು ಬರುತ್ತಿರಲಿಲ್ಲ. ನನ್ನ ಜ್ಞಾನದಲ್ಲಿ ಅಲ್ಲಲ್ಲಿ ತೂತುಗಳಿದ್ದರೆ ಅದಕ್ಕೆ ಮಿರ್ಚಿಯವನು ಹೊಣೆ.) ನನ್ನ ಅಂಕಣದಿಂದ ಈ ಊರಲ್ಲಿ ಎರಡು ಬೀದಿದೀಪ ಹತ್ತಿವೆ. ಒಂದು ಮತ್ತೆ ಆರಿದೆ. ಅದರ ಬಗ್ಗೆ ಇನ್ನೊಂದು ಅಂಕಣ ಬರೆದಿದ್ದೇನೆ.

ನನ್ನ ಹೆಂಡತಿ ರೇಣುಕಾ. ಅವಳ ಬಲಗೈ ಮಣಿಕಟ್ಟು ಎರಡು ವರ್ಷದಿಂದ ಬಾತುಕೊಂಡಿದೆ. ಡಾಕ್ಟರು ಪಟ್ಟಿ ಕಟ್ಟಿ, ‘ವಾರಕ್ಕೊಂದು ದಿನವಾದರೂ ರೊಟ್ಟಿ ಬಡಿಯೋದು ಬಿಡಿಸಿ’ ಎಂದಿದ್ದರು. ನಾನು ಅವರಿಗೆ ಕೈಮುಗಿದು ಹೊರಗೆ ಬಂದು, ಆ ವಾರವೇ ‘ಮಹಿಳೆಯ ಮಣಿಕಟ್ಟು’ ಎಂಬ ಅಂಕಣ ಬರೆದೆ. ಓದಿದವರು ಮೆಚ್ಚಿಕೊಂಡು ಅಭಿನಂದಿಸಲು ಮನೆಗೇ ಬಂದರು. ನಾಲ್ಕು ಜನ. ಉಂಡು ಹೋದರು.

“ಏನ್ರಿ,” ಎಂದಳು ರೇಣುಕಾ, ಅವರು ಹೋದ ಮೇಲೆ. “ಭಾನುವಾರ ಒಂದಿನ ಹಂಚು ಇಳಸ್ತೀನಿ. ಅವತ್ತು ಅನ್ನ, ಸಾರು. ಕೈ ಎತ್ತಾಕ ಬರವಲ್ದು.”

“ನೋಡೋಣ.”

“ಎರಡು ವರ್ಷ ಆತು ನೀವು ನೋಡಾಕ ಹತ್ತಿ. ಇನ್ನೂ ಕಾಣವಲ್ದೇನು?”

“ಅಲ್ಲ, ಭಾನುವಾರ ಮಂದಿ ಬರ್ತಾರಲ್ಲ…”

“ಅದಕ್ಕ ಭಾನುವಾರ ಅಂದೆ.”

ಮಾತು ಅಲ್ಲಿಗೆ ನಿಂತಿತ್ತು. ನಮ್ಮ ಮನೆಯಲ್ಲಿ ಮಾತು ಯಾವಾಗಲೂ ಅಲ್ಲಿಗೇ ನಿಲ್ಲುತ್ತಿತ್ತು. ಹಂಚು ಮಾತ್ರ ಒಲೆಯ ಮೇಲಿಂದ ಇಳಿಯುತ್ತಿರಲಿಲ್ಲ.

ಇಂಥದ್ದರಲ್ಲಿ ಒಂದು ಸಂಜೆ ಮಗಳು ಕೊಟ್ರಮ್ಮ ಶಾಲೆಯಿಂದ ಬಂದು ಬ್ಯಾಗ್ ಒಗೆದಳು. ಹತ್ತನೇ ತರಗತಿ.

“ಅಪ್ಪಾ, ಗಣಿತದ ಮೇಷ್ಟ್ರು ಪ್ರಾಜೆಕ್ಟ್ ಕೊಟ್ಟಾರ. ಮೂವತ್ತು ಮನಿ ಮಾಹಿತಿ ತರಬೇಕು. ಹತ್ತು–ಇಪ್ಪತ್ತು, ಇಪ್ಪತ್ತು–ಮೂವತ್ತು ಹಿಂಗ ವರ್ಗಾಂತರ ಮಾಡಿ, ಯಾವ ವರ್ಗದಾಗ ಎಷ್ಟು ಮನಿ ಬರ್ತಾವ ಅಂತ ಬರದು, ಸರಾಸರಿ ತೆಗೀಬೇಕು. ಇಪ್ಪತ್ತು ಅಂಕಕ್ಕೈತಿ.”

“ಏನು ಮಾಹಿತಿ?”

“ಏನಾದ್ರೂ ಆಗ್ತೈತಿ. ನಮ್ಮ ಕ್ಲಾಸಿನ್ಯಾಗ ಎಲ್ಲಾರೂ ಎತ್ತರ ಅಳ್ಯಾಕ ಹತ್ಯಾರ.”

ನನ್ನೊಳಗಿನ ಕೆಂಡ ನಿಗಿನಿಗಿ ಎಂದಿತು. “ಎತ್ತರ ಅಳದು ಯಾವ ಕ್ರಾಂತಿ ಆಗ್ತೈತಿ? ರೊಟ್ಟಿ ಎಣಸು! ಒಂದೊಂದು ಮನಿಯಾಗ ಹೆಣ್ಣುಮಗಳು ದಿನಕ್ಕ ಎಷ್ಟು ರೊಟ್ಟಿ ಬಡೀತಾಳ, ಅದನ್ನ ಹಿಡಿ. ನಿನಗ ಅಂಕ, ನನಗ ಅಂಕಣ.”

ಅಡುಗೆ ಮನೆಯಲ್ಲಿ ರೊಟ್ಟಿ ಬಡಿಯುವ ಸದ್ದು ನಿಂತಿತು. “ನಮ್ಮನಿದೂ ಎಣಸ್ತೀರೇನು?” ಎಂದು ರೇಣುಕಾ ಒಳಗಿನಿಂದಲೇ ಕೇಳಿದಳು.

“ನಮ್ಮನಿದೂ! ಯಾರಿಗೂ ರಿಯಾಯಿತಿ ಇಲ್ಲ.”

“ಚಲೋ ಆತು,” ಎಂದಳು. ಸದ್ದು ಮತ್ತೆ ಶುರುವಾಯಿತು, ಸ್ವಲ್ಪ ಜೋರಾಗಿ.

ಮರುದಿನ ಜೇಬಿಗೆ ಎರಡು ಪೆನ್ನು ಸಿಕ್ಕಿಸಿಕೊಂಡು ಮಗಳ ಜೊತೆ ನಾನೂ ಹೊರಟೆ. (ಮಗಳು ‘ಬ್ಯಾಡಪ್ಪ’ ಅಂದಳು. ಸತ್ಯಶೋಧನೆಯಲ್ಲಿ ಮಕ್ಕಳ ಮಾತು ಕೇಳಬಾರದು.) ಮೊದಲನೆಯದು ಎದುರುಮನೆ ಜಂಬಮ್ಮ.

“ಜಂಬಕ್ಕ, ದಿನಕ್ಕ ಎಷ್ಟು ರೊಟ್ಟಿ ಬಡೀತಿ?”

“ಆಗ್ತಾವ ನೋಡು ಪಾಲಾಕ್ಷಣ್ಣ, ಹತ್ತಿಪ್ಪತ್ತು.”

“ಹತ್ತೋ, ಇಪ್ಪತ್ತೋ?”

“ಅಯ್ಯ! ಉಣ್ಣೋ ರೊಟ್ಟೀನ ಯಾರಾದ್ರೂ ಎಣಸ್ತಾರೇನು? ಬರಕತ್ ಹೋಗ್ತೈತಿ.”

ಎರಡನೆಯ ಮನೆಯಲ್ಲಿ ‘ಐದಾರು’. ಮೂರನೆಯ ಮನೆಯಲ್ಲಿ ‘ಎಂಟತ್ತು’. ನಾಲ್ಕನೆಯ ಮನೆಯಾಕೆ ಬಹಳ ಯೋಚಿಸಿ, ಬೆರಳು ಮಡಚಿ, ‘ಹದಿನೈದಿಪ್ಪತ್ತು ಅಂತ ಬರಕೊಳ್ರಿ, ಹೆಚ್ಚುಕಮ್ಮಿ ಆದ್ರ ನನ್ನ ಬೈಬ್ಯಾಡ್ರಿ’ ಎಂದಳು. ಓಣಿ ಮುಗಿಯುವಷ್ಟರಲ್ಲಿ ನನ್ನ ನೋಟ್‌ಬುಕ್ಕಿನಲ್ಲಿ ಒಂದೇ ಒಂದು ಒಂಟಿ ಸಂಖ್ಯೆ ಇರಲಿಲ್ಲ. ಎಲ್ಲವೂ ಜೋಡಿಯಾಗಿ, ಮದುವೆಯಾದಂತೆ ಕೂತಿದ್ದವು.

“ಅಪ್ಪಾ, ಇವರೆಲ್ಲ ಆಗಲೇ ವರ್ಗಾಂತರ ಮಾಡಿಕೊಂಡೇ ಕುಂತಾರ,” ಎಂದಳು ಮಗಳು. “ಆದ್ರ ಒಬ್ಬೊಬ್ಬರದು ಒಂದೊಂದು ಅಳತಿ. ಒಂದರ ಮ್ಯಾಲೆ ಒಂದು ಹತ್ತಿ ಕುಂತಾವ. ಹಿಂಗ ಬರಂಗಿಲ್ಲ.”

ಸೋತು ಮನೆಗೆ ಬಂದಾಗ ಕಟ್ಟೆಯ ಮೇಲೆ ನಮ್ಮವ್ವ ಈರಕ್ಕ ಕೂತಿದ್ದಳು. ಎಪ್ಪತ್ತೆಂಟು ವಯಸ್ಸು. (ಅವಳನ್ನು ಕೇಳಿದರೆ ‘ಎಪ್ಪತ್ತೆಂಬತ್ತು’.) ವಿಷಯ ಕೇಳಿ ನಕ್ಕಳು.

“ಲೇ ಪಾಲಾಕ್ಷಿ, ನಿಮ್ಮಪ್ಪ ಮುನ್ನೂರು ಕುರಿ ಕಾಯ್ದ. ಒಂದಿನ ಬಾಯಿಬಿಟ್ಟು ಎಣಿಸಲಿಲ್ಲ.”

“ಎಣಸದ ಮುನ್ನೂರು ಅಂತ ಹೆಂಗ ಗೊತ್ತಾತವ್ವ?”

“ಇನ್ನೂರು ಮುನ್ನೂರು ಅಂದೆ. ಸಂಜಿಮುಂದ ಹಟ್ಟಿ ಬಾಗಲಾಗ ನಿಂತು, ಒಂದು ಕುರಿ ಒಳಗ ಹೋದ್ರ ಒಂದು ಹರಳು ಗಡಿಗಿಗೆ ಹಾಕೋನು. ಆಮ್ಯಾಲೆ ಹರಳು ಎಣಸೋದು. ಕುರಿ ಎಣಸಬಾರದು. ಹರಳಿಗೆ ಏನು ಧಾಡಿ?”

ಕೊಟ್ರಮ್ಮ ಅಜ್ಜಿಯ ಕೆನ್ನೆ ಹಿಂಡಿ ಒಳಗೆ ಓಡಿದಳು. ನಮ್ಮ ಅಂಗಡಿಯ ಖಾಕಿ ಲಕೋಟೆ ಮೂವತ್ತು, ಹುಣಸೆ ಬೀಜ ಒಂದು ಚೀಲ. ಮನೆಗೆ ಐವತ್ತು ಬೀಜ, ಒಂದು ಖಾಲಿ ಲಕೋಟೆ. ಶುಕ್ರವಾರ ಬೆಳಿಗ್ಗೆಯಿಂದ ಒಲೆ ಆರುವವರೆಗೆ, ರೊಟ್ಟಿ ಒಂದು ಬೆಂದರೆ ಬೀಜ ಒಂದು ಲಕೋಟೆಗೆ. ರೊಟ್ಟಿ ಎಣಿಸಿದಂತೆಯೂ ಆಗಲಿಲ್ಲ, ಬರಕತ್ತೂ ಹೋಗಲಿಲ್ಲ. ಹೆಂಗಸರು ಒಪ್ಪಿದರು. ಲಕೋಟೆಯ ಮೇಲೆ ಹೆಸರು ಬರೆಯಬಾರದು ಎಂದು ಮೇಷ್ಟ್ರು ಕಟ್ಟಪ್ಪಣೆ ಮಾಡಿದ್ದರಂತೆ. ಹೆಸರು ಕೇಳಿದರೆ ಮಂದಿ ನಿಜ ಹೇಳುವುದಿಲ್ಲ, ಮರ್ಯಾದೆ ಹೇಳುತ್ತಾರೆ ಅಂತ.

ಆ ಶುಕ್ರವಾರ ನನಗೂ ಕೈತುಂಬ ಕೆಲಸ. ಶುಕ್ರವಾರ ನನ್ನ ಅಂಕಣ ಕೊಟ್ಟೂರಿಗೆ ಹೋಗುವ ದಿನ. ವಾಟ್ಸಾಪಿನಲ್ಲಿ ಕಳಿಸಬಹುದು, ಆದರೆ ನಮ್ಮ ಸಂಪಾದಕರು ಹಳೆಯ ಕಾಲದವರು, ಕಾಗದವೇ ಬೇಕು ಅನ್ನುತ್ತಾರೆ. ಹಾಗಾಗಿ ಅಂಕಣದ ಲಕೋಟೆಯನ್ನೂ ಅವರಿಗೆ ಪ್ರೀತಿಯಿಂದ ಕಳಿಸುವ ಎಳ್ಳು ಹಚ್ಚಿದ ಖಡಕ್ ರೊಟ್ಟಿಯ ಗಂಟನ್ನೂ ಬಸ್ಸಿನ ಕಂಡಕ್ಟರ ಕೈಗೆ ಕೊಡುತ್ತೇನೆ. (ರೊಟ್ಟಿ ವಾಟ್ಸಾಪಿನಲ್ಲಿ ಹೋಗುವುದಿಲ್ಲ ಎಂಬುದು ನನಗೆ ಬಹಳ ತಡವಾಗಿ ಹೊಳೆದ ಸಂಗತಿ.)

ಭಾನುವಾರ ಬೆಳಿಗ್ಗೆ ಪಡಸಾಲೆಯಲ್ಲಿ ಚಾಪೆ ಹಾಸಿ ಮೂವತ್ತು ಲಕೋಟೆ ಸುರಿದುಕೊಂಡೆವು. ನಾನು ಒಡೆದು ಎಣಿಸುವುದು, ಮಗಳು ಗೆರೆ ಎಳೆಯುವುದು. ಹನ್ನೆರಡು, ಎಂಟು, ಹದಿನೇಳು, ಇಪ್ಪತ್ತಾರು. ಒಂಬತ್ತನೆಯ ಲಕೋಟೆಯಲ್ಲಿ ಸರಿಯಾಗಿ ಇಪ್ಪತ್ತು.

“ಹತ್ತು–ಇಪ್ಪತ್ತಕ್ಕ ಹಾಕು,” ಎಂದೆ.

“ಇಲ್ಲಪ್ಪ. ಇಪ್ಪತ್ತು–ಮೂವತ್ತಕ್ಕ ಹೋಗ್ತೈತಿ.”

“ಯಾಕ?”

“ಮೇಲ್ಮಿತಿ ಆ ವರ್ಗದಾಗ ಸೇರಂಗಿಲ್ಲ.”

“ಬೋರ್ಡಿನ ಮ್ಯಾಲೆ ಹೆಸರೈತಿ, ಒಳಗ ಜಾಗಿಲ್ಲ? ಇದು ಯಾವ ನ್ಯಾಯ?”

“ಇದು ಗಣಿತ ಅಪ್ಪ. ನ್ಯಾಯ ಬ್ಯಾರೆ ಪಿರಿಯಡ್.”

ಹರಪನಹಳ್ಳಿಯವರಿಗೆ ಗಡಿಯ ಸಂಖ್ಯೆಯ ಕಷ್ಟ ಪುಸ್ತಕ ಓದಿ ತಿಳಿಯಬೇಕಾಗಿಲ್ಲ. ಬಳ್ಳಾರಿ ಜಿಲ್ಲೆಯಲ್ಲಿದ್ದೆವು, ದಾವಣಗೆರೆಗೆ ಹಾಕಿದರು, ಮತ್ತೆ ಬಳ್ಳಾರಿಗೆ ಎಳೆದರು, ಈಗ ವಿಜಯನಗರ. ನಾವು ಕೂತಲ್ಲೇ ಕೂತಿದ್ದೇವೆ, ವರ್ಗಾಂತರ ಮಾತ್ರ ಬದಲಾಗುತ್ತಿದೆ. ನಾನು ಇಪ್ಪತ್ತರ ಪರವಾಗಿ ಅರ್ಧ ಗಂಟೆ ವಾದಿಸಿದೆ. ಕಾಫಿ ತಂದಿಟ್ಟ ರೇಣುಕಾ ಕೇಳುತ್ತಾ ನಿಂತಳು.

“ರೇಷನ್ ಕಾರ್ಡಿನಾಗ ನನ್ನ ಹೆಸರಿನ ಮುಂದ ‘ಕುಟುಂಬದ ಯಜಮಾನಿ’ ಅಂತ ಬರದಾರ. ಒಂದು ಭಾನುವಾರ ಹಂಚು ಇಳಸಾಕ ಆಗವಲ್ದು. ಇಪ್ಪತ್ತಕ್ಕ ಏನು ಮಹಾ ಆಗೈತಿ, ಬಿಡ್ರಿ.”

“ಅದು ಬೇರೆ ವಿಷಯ,” ಎಂದು ಹತ್ತನೆಯ ಲಕೋಟೆ ಒಡೆದೆ.

ಇಪ್ಪತ್ತೇಳನೆಯದು ಎತ್ತಿದಾಗಲೇ ಭಾರವೆನಿಸಿತು. ಸುರಿದೆ. ಎಣಿಸಿದೆ. ನಂಬಿಕೆ ಬರದೆ ಮತ್ತೆ ಎಣಿಸಿದೆ. ಐವತ್ತು ಹುಣಸೆ ಬೀಜ, ಮೇಲೆ ಆರು ಅಲಸಂದೆ ಕಾಳು! ಅಂದರೆ ಕೊಟ್ಟ ಬೀಜವೆಲ್ಲ ಮುಗಿದು, ಆ ತಾಯಿ ಕೈಗೆ ಸಿಕ್ಕ ಕಾಳು ಹಾಕಿದ್ದಾಳೆ. ಒಂದೇ ದಿನಕ್ಕೆ ಐವತ್ತಾರು ರೊಟ್ಟಿ!

“ಯಾರ ಮನಿ ಇದು?” ಎಂದು ಎದ್ದು ನಿಂತೆ.

ಮಗಳು ಪುಸ್ತಕದಿಂದ ತಲೆ ಎತ್ತಲಿಲ್ಲ. “ಹೆಸರು ಕೇಳಬಾರದಂತಪ್ಪ.”

“ಯಾವನೋ ರಾಕ್ಷಸ ಅದಾನ ಈ ಓಣಿಯಾಗ!”

“ಇರಬಹುದಪ್ಪ.”

ಕೊನೆಗೆ ಪಟ್ಟಿ ಹೀಗಾಯಿತು. ಹತ್ತರ ಒಳಗಿನ ಮನೆ ನಾಲ್ಕು. ಹತ್ತು–ಇಪ್ಪತ್ತರಲ್ಲಿ ಹದಿಮೂರು. ಇಪ್ಪತ್ತು–ಮೂವತ್ತರಲ್ಲಿ ಒಂಬತ್ತು (ನಿರಾಶ್ರಿತ ಇಪ್ಪತ್ತೂ ಸೇರಿ). ಮೂವತ್ತು–ನಲವತ್ತರಲ್ಲಿ ಮೂರು. ನಲವತ್ತು–ಐವತ್ತು ಪೂರ್ತಿ ಖಾಲಿ. ಐವತ್ತು–ಅರವತ್ತರಲ್ಲಿ ಒಂದೇ ಮನೆ, ಊರ ಹೊರಗಿನ ಒಂಟಿ ಮರದ ಹಾಗೆ. ನಮ್ಮ ಮನೆಯ ಲಕೋಟೆ ಯಾವುದೆಂದು ನಾನು ಹುಡುಕಲಿಲ್ಲ, ಅಗತ್ಯವೂ ಕಾಣಲಿಲ್ಲ. ನನಗೆ ನಾಲ್ಕು, ಮಗಳಿಗೆ ಮೂರು, ಅವ್ವನಿಗೆ ಎರಡು, ರೇಣುಕಾಗೆ ಎರಡು. ಹನ್ನೊಂದು. ಹತ್ತು–ಇಪ್ಪತ್ತರ ಹದಿಮೂರು ಮನೆಗಳಲ್ಲಿ ನಮ್ಮದೂ ಒಂದು. ಅಪ್ಪಟ ಮಧ್ಯಮ ವರ್ಗ.

ಮಗಳು ಪ್ರತಿ ವರ್ಗದ ಮಧ್ಯಬಿಂದು ಹಿಡಿದು, ಮನೆಗಳ ಸಂಖ್ಯೆಯಿಂದ ಗುಣಿಸಿ, ಕೂಡಿಸಿ, ಮೂವತ್ತರಿಂದ ಭಾಗಿಸಿದಳು. “ಸರಾಸರಿ ಇಪ್ಪತ್ತು ಬಂತಪ್ಪ!”

ಇಪ್ಪತ್ತು! ಕೇಳಲು ಎಷ್ಟು ಸಭ್ಯವಾಗಿದೆ. ಐವತ್ತಾರು ಬಡಿದ ಕೈ ಆ ಇಪ್ಪತ್ತರೊಳಗೆ ಎಲ್ಲಿ ಹೋಯಿತು? ಸರಾಸರಿ ಎಂಬುದು ಮದುವೆ ಮನೆಯ ಗುಂಪು ಫೋಟೋ ಇದ್ದಂತೆ. ಹಿಂದಿನ ಸಾಲಿನಲ್ಲಿ ತುದಿಗಾಲ ಮೇಲೆ ನಿಂತವರ ಕಾಲು ಯಾರಿಗೂ ಕಾಣುವುದಿಲ್ಲ. ಸಾಲದ್ದಕ್ಕೆ ಮಧ್ಯಬಿಂದುವಿನ ಲೆಕ್ಕದಲ್ಲಿ ಐವತ್ತಾರು ಐವತ್ತಾರೂ ಅಲ್ಲ, ಐವತ್ತೈದು. ಒಂದು ರೊಟ್ಟಿಯನ್ನು ಗಣಿತಶಾಸ್ತ್ರವೇ ಮುರಿದುಕೊಂಡು ತಿಂದಿತ್ತು!

ನಾನು ಅಂಕಣ ಬರೆಯಲು ಕೂತೆ. ತಲೆಬರಹ: ‘ಐವತ್ತು–ಅರವತ್ತರ ಗಂಡಸೇ, ಎಲ್ಲಿ ಅಡಗಿದ್ದೀಯ?’ ಅಡಗಿದವನು ಯಾರೆಂದು ನನಗೆ ಒಳಗೊಳಗೇ ಗೊತ್ತಿತ್ತು. ನಮ್ಮ ಓಣಿಯಲ್ಲಿ ಅಲಸಂದೆ ಬೆಳೆಯುವವನು ಒಬ್ಬನೇ, ಕರಿಸಿದ್ದಪ್ಪ. ಹನ್ನೊಂದು ಜನರ ಮನೆ. ಆಳೂ ಕಂಬದಂತಿದ್ದಾನೆ. ಹೆಸರು ಹಾಕಲಿಲ್ಲ, ‘ಅಲಸಂದೆ ಹೊಲದ ದೊರೆ’ ಎಂದಷ್ಟೇ ಬರೆದೆ. (ಆ ವಾರವಿಡೀ ನಮ್ಮ ಮನೆಯಲ್ಲೂ ಅಲಸಂದೆ ಪಲ್ಯವೇ ಇತ್ತು, ಕರಿಸಿದ್ದಪ್ಪನ ಮನೆಯಿಂದಲೇ ಕೊಟ್ಟ ಕಾಳು. ಪಲ್ಯ ಚೆನ್ನಾಗಿತ್ತು. ಅದಕ್ಕಿಂತ ಹೆಚ್ಚು ಯೋಚಿಸಲಿಲ್ಲ.)

ಗುರುವಾರ ಸಂಜೆ ರೇಣುಕಾಗೆ ಓದಿ ಹೇಳಿದೆ. “…ಆ ಗಂಡಸು ಒಂದು ವಾರ ತಾನೇ ಒಲೆಯ ಮುಂದೆ ಕೂತು ಮನೆಯ ರೊಟ್ಟಿಯನ್ನೆಲ್ಲ ಬಡಿಯಲಿ!”

“ಒಂದು ವಾರ ಸಾಕೇನ್ರಿ ಅಂಥವಗ?”

ಹೌದೆನ್ನಿಸಿತು. ‘ಒಂದು ತಿಂಗಳು’ ಎಂದು ತಿದ್ದಿದೆ.

“ಜೋಳ ಹಸನು ಮಾಡಿ, ಗಿರಣಿಗೆ ಹೊತ್ತು, ಬೀಸಿಸಿಕೊಂಡು ಬರೋದು ಯಾರು? ಅದನ್ನ ಬರದೇ ಇಲ್ಲ.”

ಅದನ್ನೂ ಸೇರಿಸಿದೆ.

“ಒಳಗ ಕದಾ ಹಾಕ್ಕೊಂಡು, ಯಾರಿಗೋ ದುಡ್ಡು ಕೊಟ್ಟು ಬಡಸಿದ್ರ?”

“ಖರೇ!” ಎಂದು, ‘ಓಣಿಯ ಜನ ನೋಡುವಂತೆ ಬಾಗಿಲು ತೆರೆದಿಟ್ಟು’ ಎಂದು ಬರೆದೆ.

“ಹೆಸರು ಯಾಕ ಬರೀಲಿಲ್ಲ?”

“ಸಾಕ್ಷಿ ಸಿಗಲಿ. ಸಿಕ್ಕ ದಿನ ಬರೀತೀನಿ. ಯಾರೇ ಆಗ್ಲಿ, ಬಿಡಂಗಿಲ್ಲ.”

“ಯಾರೇ ಆಗ್ಲಿ?”

“ಯಾರೇ ಆಗ್ಲಿ.”

ಅವಳು ಮಣಿಕಟ್ಟಿನ ಪಟ್ಟಿ ಬಿಚ್ಚಿ, ಹೊಸದಾಗಿ ಬಿಗಿದು ಸುತ್ತಿಕೊಂಡಳು. “ಹಂಗಾದ್ರ ಕಳಸ್ರಿ.”

ಇಪ್ಪತ್ತಮೂರು ವರ್ಷದ ಸಂಸಾರದಲ್ಲಿ ನನ್ನ ಹೆಂಡತಿ ನನ್ನ ಬರಹವನ್ನು ಇಷ್ಟು ಮನಸ್ಸಿಟ್ಟು ಕೇಳಿದ್ದು, ತಿದ್ದಿದ್ದು ಅದೇ ಮೊದಲು. ಕಣ್ಣು ತುಂಬಿ ಬಂತು. ಶುಕ್ರವಾರ ಅಂಕಣವನ್ನೂ ರೊಟ್ಟಿಯ ಗಂಟನ್ನೂ ಬಸ್ಸಿಗೆ ಹತ್ತಿಸಿ ನೆಮ್ಮದಿಯಾಗಿ ಉಂಡೆ.

ಭಾನುವಾರ ಪತ್ರಿಕೆ ಬಂತು. ಮಧ್ಯಾಹ್ನದ ಹೊತ್ತಿಗೆ ಕರಿಸಿದ್ದಪ್ಪ ಅದನ್ನು ಸುರುಳಿ ಸುತ್ತಿ ಹಿಡಿದುಕೊಂಡು ನಮ್ಮ ಕಟ್ಟೆ ಹತ್ತಿದ. ಹಿಂದೆಯೇ, ಏನಾಗುತ್ತದೋ ನೋಡಬೇಕೆಂದು ಜಂಬಮ್ಮ.

“ಏನಪ್ಪ ಪಾಲಾಕ್ಷಿ, ಅಲಸಂದಿ ಹೊಲದ ದೊರಿ ಅಂದ್ರ ಯಾರು? ನಾನೇನು?”

“ನಾ ಹೆಸರು ಬರದಿಲ್ಲಪ್ಪ,” ಎಂದೆ, ಕತ್ತು ನೆಟ್ಟಗೆ ಮಾಡಿಕೊಂಡು. “ಹೆಗಲು ಮುಟ್ಟಿ ನೋಡಿಕೊಂಡವರು ನೋಡಿಕೊಳ್ಳಲಿ.”

“ನಮ್ಮನಿ ಹನ್ನೊಂದು ಮಂದಿ. ಸೊಸಿಯರು ಮೂರೂ ಜನ ಪಾಳಿ ಮ್ಯಾಲೆ ಬಡೀತಾರ. ಸಂಜಿಗೆ ಅನ್ನ. ಅವತ್ತು ಲಕೋಟಿಗೆ ಬೀಜ ಹಾಕಿದಾವನೂ ನಾನ. ಮೂವತ್ತನಾಕು. ಮ್ಯಾಲೆ ಒಂದು ಇದ್ರ ತೋರಸು.”

ಅಷ್ಟರಲ್ಲಿ ಬೈಕೊಂದು ಬಂದು ನಿಂತಿತು. ಕೊಟ್ರಮ್ಮನ ಗಣಿತದ ಮೇಷ್ಟ್ರು ಗುರುಬಸವರಾಜ. ಕೈಯಲ್ಲಿ ಅವಳ ಪ್ರಾಜೆಕ್ಟ್ ಪುಸ್ತಕ.

“ಪಾಲಾಕ್ಷಪ್ಪನವರ, ಮಗಳ ಕೆಲಸ ಭಾಳ ಚಲೋ ಐತ್ರಿ. ಆದ್ರ ಒಂದು ಕಡಿ ಅನುಮಾನ. ನಲವತ್ತು–ಐವತ್ತು ಖಾಲಿ, ಆಮ್ಯಾಲೆ ಐವತ್ತು–ಅರವತ್ತರಾಗ ಒಂದೇ ಮನಿ. ಎಣಿಕಿ ತಪ್ಪಿರಬೇಕು. ಆ ಮನಿ ಖರೇ ಅಂತ ತೋರಸಿದ್ರ ಅಂಕ ಕೊಡ್ತೀನಿ. ಇಲ್ಲಾಂದ್ರ ಆ ಸಾಲು ಹೊಡದು ಹಾಕಿ ಹೊಸದಾಗಿ ಮಾಡಬೇಕು.”

ಮಗಳ ಮುಖ ಸಣ್ಣಗಾಯಿತು. ನನ್ನ ಮೈ ಉರಿಯಿತು. ಆದರೂ ಮನೆಗೆ ಬಂದವರು ಮನೆಗೆ ಬಂದವರೇ. ಅದರಲ್ಲೂ ಊಟದ ಹೊತ್ತು.

“ಮೊದಲು ಬರ್ರಿ ಮೇಷ್ಟ್ರೇ, ಕೈ ತೊಳೀರಿ. ಉಣಕೋತ ಮಾತಾಡೋಣ. ಕರಿಸಿದ್ದಪ್ಪ, ಸಿಟ್ಟು ಆಮ್ಯಾಲೆ, ನೀನೂ ಕುಂದ್ರು. ಜಂಬಕ್ಕ, ನೀನೂ.” ಒಳಗೆ ತಿರುಗಿ ಕೂಗಿದೆ: “ಏ ಇವಳ, ಇನ್ನೊಂದು ಹತ್ತು ರೊಟ್ಟಿ ಬಡಿ!”

ಮೇಷ್ಟ್ರು ಕೊಟ್ರಮ್ಮನನ್ನು ನೋಡಿದರು. ಕರಿಸಿದ್ದಪ್ಪ ಜಂಬಮ್ಮನನ್ನು ನೋಡಿದ. ಯಾಕೆಂದು ನನಗೆ ತಿಳಿಯಲಿಲ್ಲ. ತಿಳಿಯದ ಕಡೆ ಭಾಷಣ ಮಾಡುವುದು ನನ್ನ ಹುಟ್ಟುಗುಣ.

“ಮೇಷ್ಟ್ರೇ, ಆ ಸಾಲು ಹೊಡದು ಹಾಕಿದ್ರ ಆ ಹೆಣ್ಣುಮಗಳ ಕೈಯನ್ನೇ ಹೊಡದು ಹಾಕಿದಂಗ! ಅವಳೊಬ್ಬಳ ಸಲುವಾಗಿ ನಾನು ಅಂಕಣ ಬರದೀನಿ. ಕೊಟ್ರಮ್ಮ, ಹೆದರಬ್ಯಾಡ, ನಿಮ್ಮಪ್ಪ ಅದಾನ. ಆ ಮನಿ ಯಾವುದು, ನಡಿ. ಈಗಿಂದೀಗ ಎಲ್ಲಾರೂ ಕೂಡಿ ಹೋಗೋಣ.”

ಮಗಳು ಒಳಬಾಗಿಲ ಕಡೆ ನೋಡಿದಳು. ಅಲ್ಲಿ ಹಿಟ್ಟಿನ ಕೈಯಲ್ಲಿ ರೇಣುಕಾ ನಿಂತಿದ್ದಳು. “ಹೇಳವ್ವ,” ಎಂದಳು.

“ಹೋಗೋದು ಬ್ಯಾಡಪ್ಪ,” ಎಂದಳು ಕೊಟ್ರಮ್ಮ. “ಬಂದೇವಿ.”

ಅರ್ಥವಾಗಲು ನನಗೆ ಎಷ್ಟು ಹೊತ್ತು ಹಿಡಿಯಿತೆಂದು ಹೇಳಲಾರೆ. ಐದರಿಂದ ಹತ್ತು ಸೆಕೆಂಡು ಅಂದುಕೊಳ್ಳಿ.

“ಸಾಧ್ಯ ಇಲ್ಲ!” ಎಂದೆ. “ನಮ್ಮದು ಹನ್ನೊಂದು!”

“ಹೊತ್ತಿಗೆ ಹನ್ನೊಂದು,” ಎಂದಳು ರೇಣುಕಾ, ಒಂಚೂರೂ ದನಿ ಏರಿಸದೆ. “ಸಂಜಿಮುಂದ ನೀವು ಉಣ್ಣಂಗಿಲ್ಲೇನು? ಇಪ್ಪತ್ತೆರಡಾತು. ಅವತ್ತು ನಿಮ್ಮ ಅಂಕಣ ಹೊಗಳಾಕ ಕೂಡ್ಲಿಗಿಯಿಂದ ಮೂರು ಮಂದಿ, ಹಡಗಲಿಯಿಂದ ಇಬ್ಬರು. ತಲಿಗೆ ಮೂರು. ಮೂವತ್ತೇಳು. ಸಂಪಾದಕರ ಗಂಟಿಗೆ ಹನ್ನೆರಡು, ನಲವತ್ತೊಂಬತ್ತು. ಗಂಟು ಒಯ್ಯೋ ಕಂಡಕ್ಟರಿಗೆ ಮೂರು, ಐವತ್ತೆರಡು.”

“ಇನ್ನೂ ನಾಕು ಉಳೀತು!” ಎಂದೆ, ಮುಳುಗುವವನು ಹುಲ್ಲುಕಡ್ಡಿ ಹಿಡಿದಂತೆ.

“ನಾಕು ಗಂಟೆಗೆ ಶೇಂಗಾ ಚಟ್ನಿಪುಡಿ ಹಚ್ಚಿ ಕೊಟ್ಟಿದ್ದೆ. ನೀವ ತಿಂದ್ರಿ. ಹೆಣ್ಣುಮಕ್ಕಳ ದುಡಿಮಿ ಬಗ್ಗೆ ಏನೋ ಬರಕೋತ ಕುಂತಿದ್ರಿ.”

ಮೇಷ್ಟ್ರು ಜೇಬಿನಿಂದ ಕೆಂಪು ಪೆನ್ನು ತೆಗೆದು ಆ ಸಾಲಿಗೆ ಸರಿ ಗುರುತು ಹಾಕಿದರು. “ದತ್ತಾಂಶ ಖರೇ ಐತಿ,” ಎಂದು ಇಪ್ಪತ್ತಕ್ಕೆ ಇಪ್ಪತ್ತು ಬರೆದು, ಊಟ ಬೇಡವೆಂದು ಕೈಮುಗಿದು ಬೈಕ್ ಹತ್ತಿದರು. ನನ್ನ ಮನೆಯಿಂದ ಉಣ್ಣದೆ ಹೋದ ಮೊದಲ ಮನುಷ್ಯ.

ಕರಿಸಿದ್ದಪ್ಪ ಪತ್ರಿಕೆಯ ಸುರುಳಿ ಬಿಚ್ಚಿ ಜಂಬಮ್ಮನ ಕೈಗೆ ಕೊಟ್ಟ. ಅವಳು ಕನ್ನಡಕ ಏರಿಸಿ ನನ್ನ ಅಂಕಣದ ಕೊನೆಯ ಭಾಗವನ್ನು ಓಣಿಗೆಲ್ಲ ಕೇಳುವಂತೆ ಓದಿದಳು. “ಒಂದು ತಿಂಗಳು… ಜೋಳ ಹಸನು ಮಾಡಿ… ಬಾಗಿಲು ತೆರೆದಿಟ್ಟು… ಭಾಳ ಚಂದ ಬರದೀಯಪ್ಪ ಪಾಲಾಕ್ಷಣ್ಣ! ಒಂದೂ ಬಿಟ್ಟಿಲ್ಲ!”

ನಾನು ಅವ್ವನ ಮುಖ ನೋಡಿದೆ. ಹೆತ್ತ ಕರುಳು ಏನಾದರೂ ಅಂದೀತೆಂದು.

“ಬರದೀಯಲ್ಲಪ್ಪ,” ಎಂದಳು ಈರಕ್ಕ. “ಬಡಿ.”

ರೇಣುಕಾ ಕೈ ತೊಳೆದುಕೊಂಡು ಬಂದು ಕಟ್ಟೆಯ ಮೇಲೆ ಅತ್ತೆಯ ಪಕ್ಕ ಕೂತಳು. ಅವಳು ಮಧ್ಯಾಹ್ನದ ಹೊತ್ತು ಹಾಗೆ ಸುಮ್ಮನೆ ಕೂತದ್ದನ್ನು ನಾನು ಹಿಂದೆಂದೂ ನೋಡಿರಲಿಲ್ಲ. ನೋಡಿಲ್ಲವೆಂಬುದೂ ಆಗಲೇ ತಿಳಿದದ್ದು.

ಈಗ ಹದಿನೆಂಟನೆಯ ದಿನ. ಮೊದಲ ದಿನದ ರೊಟ್ಟಿಯನ್ನು ಹಂಚಿನಿಂದ ಬಿಡಿಸಲು ಕರಿಸಿದ್ದಪ್ಪ ತನ್ನ ಮನೆಯಿಂದ ಕರಣೆ ತಂದ, ಗೋಡೆಗೆ ಗಿಲಾವು ಮಾಡುವ ಕರಣೆ. ಎರಡನೆಯ ದಿನ ಎಸರು ಹೆಚ್ಚಾಗಿ ಹಿಟ್ಟು ಗಂಜಿಯಾಯಿತು. ಗಂಜಿ ಕುಡಿದು ಮಲಗಿದೆವು. ಆರನೆಯ ದಿನ ರೊಟ್ಟಿಯೊಂದು ಉಬ್ಬಿತು. ಬಾಗಿಲಲ್ಲಿ ನಿಂತಿದ್ದ ಹೆಂಗಸರು ಚಪ್ಪಾಳೆ ಹೊಡೆದರು. ನನ್ನ ಯಾವ ಅಂಕಣಕ್ಕೂ ಯಾರೂ ಹಾಗೆ ಹೊಡೆದಿರಲಿಲ್ಲ. ಮೊದಲ ಶುಕ್ರವಾರ ಹಟಕ್ಕೆ ಬಿದ್ದು ಐವತ್ತಾರನ್ನೂ ಬಡಿಯಲು ಕೂತೆ. ಮೂವತ್ತನಾಲ್ಕಕ್ಕೆ ಕೈ ನಿಂತಿತು. ಮಣಿಕಟ್ಟು ಎಂದರೇನೆಂದು ಅವತ್ತು ತಿಳಿಯಿತು. ಅದರ ಬಗ್ಗೆ ಹಿಂದೆ ಎರಡು ಪುಟ ಬರೆದಿದ್ದೆ; ಎರಡರಲ್ಲೂ ಒಂದು ಸಾಲೂ ನಿಜವಿರಲಿಲ್ಲ.

ಸಂಪಾದಕರು ಫೋನ್ ಮಾಡಿದ್ದರು. “ಅಂಕಣ ಬಂತು, ಗಂಟು ಬರಲಿಲ್ಲವಲ್ಲ?” ಎಂದರು. ಇನ್ನು ಮೇಲೆ ಅಂಕಣವೂ ವಾಟ್ಸಾಪಿನಲ್ಲೇ ಬರುತ್ತದೆ ಎಂದೆ. ಹಳೆಯ ಕಾಲದವರು, ಆದರೂ ಕೂಡಲೇ ಅರ್ಥಮಾಡಿಕೊಂಡರು.

ರೇಣುಕಾ ಎರಡು ಭಾನುವಾರ ಹಲವಾಗಲಿಗೆ ತನ್ನ ಅಕ್ಕನ ಮನೆಗೆ ಹೋಗಿಬಂದಳು. ಏನು ಮಾಡಿದೆ ಎಂದು ಕೇಳಿದರೆ, “ಹೊಳಿಯಾಗ ಕಾಲು ಬಿಟ್ಕೊಂಡು ಕುಂತಿದ್ದೆ,” ಎಂದಳು. ಬಾವು ಇಳಿದಿದೆ. ಡಾಕ್ಟರು ಯಾವ ಔಷಧ ತೆಗೆದುಕೊಂಡಿರಿ ಎಂದು ಕೇಳಿದರಂತೆ. ಅವಳು ನನ್ನ ಹೆಸರು ಹೇಳಿದಳಂತೆ.

ಮಗಳು ಮೊನ್ನೆ ನನ್ನ ರೊಟ್ಟಿಗಳ ಪಟ್ಟಿ ಮಾಡಿದಳು: ಸುಟ್ಟದ್ದು, ಹರಿದದ್ದು, ತಿನ್ನಬಹುದಾದದ್ದು. ಸರಾಸರಿ ತೆಗೆಯುತ್ತೇನೆ ಎಂದಳು. ತೆಗೆಯಬೇಡ ಎಂದೆ. ಒಂದೊಂದನ್ನೂ ಹಾಗೇ ಬರೆ, ಕೆಳಗೆ ನನ್ನ ಹೆಸರು ಹಾಕು ಎಂದೆ. ಗುಂಪಿನಲ್ಲಿ ಅಡಗಿ ಬಹಳ ವರ್ಷ ತಿಂದಿದ್ದೇನೆ.

ಇನ್ನು ನಿಮ್ಮ ಸರದಿ. ಕೂಡ್ಲಿಗಿಯಿಂದ, ಹಡಗಲಿಯಿಂದ, ಹಗರಿಬೊಮ್ಮನಹಳ್ಳಿಯಿಂದ ಬಂದು ‘ಎಷ್ಟು ಖಡಕ್ ಬರೀತೀರಿ ಸಾರ್’ ಎಂದು ನನ್ನ ಪಡಸಾಲೆಯಲ್ಲಿ ಉಂಡು ಕೈ ಒರೆಸಿಕೊಂಡು ಹೋದವರೇ, ಇದನ್ನೂ ಓದಿ ನಕ್ಕಿರುತ್ತೀರಿ. ಈ ಭಾನುವಾರವೂ ಹೊಗಳಲೋ ಬೈಯಲೋ ಬರಬೇಕೆನ್ನಿಸಿದರೆ ಬನ್ನಿ, ಬೇಡವೆನ್ನುವುದಿಲ್ಲ. ಆದರೆ ಅದಕ್ಕೂ ಮೊದಲು ನಿಮ್ಮ ಮನೆಯ ಒಲೆಯ ಮುಂದೆ ಕೂತು ಒಂದು ದಿನದ ಅಷ್ಟೂ ರೊಟ್ಟಿಯನ್ನು ನೀವೇ ಬಡಿಯಿರಿ. ಎಷ್ಟಾಯಿತೆಂದು ‘ಹತ್ತಿಪ್ಪತ್ತು’ ಅನ್ನದೆ ಒಂದೇ ಒಂದು ಸಂಖ್ಯೆಯಲ್ಲಿ ಬರೆದು, ಕೆಳಗೆ ನಿಮ್ಮ ಹೆಸರು ಹಾಕಿ, ಆ ಕಾಗದ ಹಿಡಿದುಕೊಂಡು ಬನ್ನಿ.